ಬಚ್ಚಲಿಗಾಗಿ ಕೋರ್ಟು ಮೆಟ್ಟಿಲು ಹತ್ತಿದ್ದು

ನಮ್ಮ ಮನೆಯ ಟ್ರ್ಯಾಕ್ಟರು ನನ್ನ ಹೆಸರಿನಲ್ಲಿತ್ತು. ಹಾಗೆಂದು ನಾನು ಅದನ್ನು ಓಡಿಸುತ್ತಿದ್ದೆ ಎಂದಲ್ಲ. ಅದರ ಸೀಟಿನ ಮೇಲೆ ಒಂದು ದಿನ ಕೂತವಳೂ ಅಲ್ಲ. ಕೊಳ್ಳುವಾಗ ಹಳೇಬೀಡಿನಲ್ಲಿ ಶಾಸ್ತ್ರ ಹೇಳುವವರೊಬ್ಬರು ಹೆಂಡತಿಯ ಹೆಸರಿನಲ್ಲಿ ತೆಗೆದುಕೊಂಡರೆ ಆಗಿಬರುತ್ತದೆ ಎಂದಿದ್ದರು. ಯಜಮಾನರು ಅದನ್ನು ಹಾಗೇ ನಂಬಿದರು. ಮಿಕ್ಕ ಯಾವ ವಿಷಯದಲ್ಲೂ ನನ್ನಿಂದ ಏನೂ ಆಗಿಬರುವುದಿಲ್ಲ ಎಂಬುದು ಅವರ ಅಭಿಪ್ರಾಯ. ಟ್ರ್ಯಾಕ್ಟರಿನ ಮಟ್ಟಿಗೆ ಮಾತ್ರ ನಾನು ಲಕ್ಷ್ಮಿ. ಆ ಗಾಡಿಗೂ ನನಗೂ ಇದ್ದ ಸಂಬಂಧವೆಂದರೆ ಶುಕ್ರವಾರದ್ದು. ತಲೆಗೆ ನೀರು ಹಾಕಿಕೊಂಡು, ದೇವರ ಪೂಜೆ ಮುಗಿಸಿ, ಹೊಸಿಲಿಗೆ ಕುಂಕುಮ ಇಟ್ಟ ಕೈಯಲ್ಲೇ ಅಂಗಳಕ್ಕೆ ಬಂದು ಗಾಡಿಗೂ ಅರಿಶಿನ ಕುಂಕುಮ ಇಡುತ್ತಿದ್ದೆ. ಎಂಜಿನ್ನಿನ ಪಕ್ಕದಲ್ಲಿ ಅಂಗೈ ಅಗಲದ ಒಂದು ತಗಡು ಇತ್ತು. ಗಾಡಿಗೆ ಹಣೆ ಎಂದು ಏನಾದರೂ ಇದ್ದರೆ ಅದೇ ಇರಬೇಕು ಎಂದು ನಾನೇ ತೀರ್ಮಾನಿಸಿದ್ದೆ. ಕುಂಕುಮ ಉದುರಬಾರದೆಂದು ಮೊದಲು ಅಲ್ಲಿಗೆ ಒಂದು ಬೊಟ್ಟು ಹರಳೆಣ್ಣೆ ಸವರುತ್ತಿದ್ದೆ.

ಎರಡು ಸಾವಿರದ ಇಸವಿ ಕಳೆದು ಒಂದೆರಡು ವರ್ಷವಾಗಿದ್ದಾಗ, ಅರಸೀಕೆರೆಗೆ ಕೊಟ್ಟಿದ್ದ ನಮ್ಮ ಮಗಳು ಬಸುರಿಯಾದಳು. ಅಳಿಯ ರೈಲ್ವೆಯಲ್ಲಿ ನೌಕರ. ಅವರ ಕ್ವಾರ್ಟರ್ಸು ಚಿಕ್ಕದು, ನಾಲ್ಕು ಜನ ಕೂತರೆ ಐದನೆಯವರು ಬಾಗಿಲಲ್ಲಿ ನಿಲ್ಲಬೇಕು. ಆದರೆ ಮನೆಯೊಳಗೇ ಬಚ್ಚಲು, ಕಕ್ಕಸು ಎರಡೂ ಇದ್ದವು. ಬೇಲೂರಿಗೂ ಹಳೇಬೀಡಿಗೂ ನಡುವಿನ ನಮ್ಮೂರಿನ ಮನೆ ಅದರ ಮೂರರಷ್ಟು ದೊಡ್ಡದು. ಹಿತ್ತಿಲಲ್ಲಿ ತೆಂಗಿನ ಸೋಗೆ ಕಟ್ಟಿದ ಒಂದು ಮರೆ, ಅದರೊಳಗೆ ಒಂದು ಚಪ್ಪಡಿ, ಅದೇ ಬಚ್ಚಲು. ಕಕ್ಕಸು ಇಲ್ಲವೇ ಇಲ್ಲ. ಪಕ್ಕದ ಮನೆಯಲ್ಲಿ ನನ್ನ ವಾರಗಿತ್ತಿ, ಅಂದರೆ ಯಜಮಾನರ ತಮ್ಮನ ಹೆಂಡತಿ, ಇದ್ದಳು. ನಾವಿಬ್ಬರೂ ಬೆಳಕು ಹರಿಯುವ ಮೊದಲೇ ಚೊಂಬು ಹಿಡಿದು ಕೆರೆ ಏರಿಯಾಚೆ ಹೋಗಿ ಬರುತ್ತಿದ್ದೆವು. ಒಬ್ಬಳು ಕೂತರೆ ಇನ್ನೊಬ್ಬಳು ಕಾವಲು. ಗಂಡಸರ ಕೆಮ್ಮು ಕೇಳಿದರೆ ತಟ್ಟನೆ ಎದ್ದು ನಿಲ್ಲಬೇಕು. ಮಳೆಗಾಲದಲ್ಲಿ ಕೊಡೆ ಬೇರೆ. ಒಂದು ಜಗಳದ ದೆಸೆಯಿಂದ ಅಣ್ಣ ತಮ್ಮ ಇಬ್ಬರೂ ಮಾತು ಬಿಟ್ಟು ಮೂರು ವರ್ಷವಾಗಿತ್ತು. ಹೆಂಡತಿಯರು ದಿನಾ ಜೊತೆಗೂಡಿ ಹೋಗುತ್ತಿದ್ದ ವಿಷಯ ಅವರು ಏಳುವ ಹೊತ್ತಿಗೆ ಮುಗಿದುಹೋಗಿರುತ್ತಿತ್ತು.

ಚೊಚ್ಚಲ ಬಾಣಂತನ ತವರಿನಲ್ಲೇ ಆಗಬೇಕು. ಸೀಮಂತಕ್ಕೆಂದು ಅರಸೀಕೆರೆಗೆ ಹೋದಾಗ ಮಗಳು ನನ್ನನ್ನು ಅಡುಗೆಮನೆಗೆ ಕರೆದುಕೊಂಡು ಹೋದಳು.

“ಅಮ್ಮಾ, ಬರಬೇಕು ಅಂತ ಆಸೆ ಐತೆ. ಆದ್ರೆ ಈ ಹೊಟ್ಟೆ ಹೊತ್ಕಂಡು ಕತ್ತಲಲ್ಲಿ ಕೆರೆ ಏರಿ ಹತ್ತಿಳಿಯಕ್ಕೆ ನನ್ ಕೈಲಾಗಲ್ಲ. ಹಸಿ ಬಾಣಂತಿ ಮೈಯಲ್ಲಂತೂ ಆಗದೇ ಇಲ್ಲ. ಇಲ್ಲೇ ಇದ್ಬಿಡ್ತೀನಿ. ಬೇಜಾರು ಮಾಡ್ಕಬೇಡ,” ಎಂದಳು.

ಬೇಜಾರಾಗದೆ ಇರುತ್ತದೆಯೇ? ಬಸ್ಸಿನಲ್ಲಿ ಹಿಂದಿರುಗುವಾಗ ಕಿಟಕಿಯ ಕಡೆ ಮುಖ ಮಾಡಿಕೊಂಡು ಅತ್ತೆ. ಅವಳು ಹೇಳಿದ್ದರಲ್ಲಿ ಒಂದು ಅಕ್ಷರವೂ ತಪ್ಪಿರಲಿಲ್ಲ. ಅಳು ಬಂದದ್ದೂ ಅದಕ್ಕೇ. ಮನೆಗೆ ಬಂದವಳು ಚಪ್ಪಲಿ ಬಿಡುವ ಮೊದಲೇ ಯಜಮಾನರಿಗೆ ಹೇಳಿದೆ. ಇಪ್ಪತ್ತು ವರ್ಷದಿಂದ ನಾನು ಕಕ್ಕಸನ್ನೂ ಸೇರಿಸಿ ಬಚ್ಚಲು ಎಂದಾಗಲೆಲ್ಲ ಅವರು ‘ಮುಂದಿನ ಸುಗ್ಗಿಗೆ’ ಎನ್ನುತ್ತಿದ್ದರು. ಮಗಳು ಬರುವುದಿಲ್ಲವಂತೆ ಎಂದದ್ದೇ ತಡ, ಮರುದಿನ ಬೆಳಗ್ಗೆ ಹಿತ್ತಿಲಲ್ಲಿ ನಿಂತು ಹೆಜ್ಜೆಯಲ್ಲಿ ಅಳತೆ ಹಾಕುತ್ತಿದ್ದರು. ವಾರ ಕಳೆಯುವುದರೊಳಗೆ ಗುಂಡಿ ತೋಡಿದ್ದಾಯಿತು, ಇಟ್ಟಿಗೆ ಬಂತು, ಗಾರೆಯವನು ಗೊತ್ತಾದ. ಮರಳೊಂದು ಬಾಕಿ.

ಮರಳೆಂದರೆ ಯಗಚಿ ಹೊಳೆ. ನಮ್ಮ ಸುತ್ತಿನವರೆಲ್ಲ ಅಲ್ಲಿಂದಲೇ ತರುತ್ತಿದ್ದುದು. ಅದಕ್ಕೆ ಪರವಾನಗಿ ಬೇಕು, ಇಲ್ಲದಿದ್ದರೆ ಗಾಡಿ ಹಿಡಿಯುತ್ತಾರೆ ಎಂದು ಪೇಪರಿನಲ್ಲಿ ಬರತೊಡಗಿತ್ತಂತೆ. ಯಜಮಾನರು ಪೇಪರಿನಲ್ಲಿ ಓದುತ್ತಿದ್ದುದು ಕೊಬ್ಬರಿ ರೇಟು ಮಾತ್ರ. ಕದ್ದು ತರುವವರು ಕತ್ತಲಲ್ಲಿ ತರುತ್ತಾರೆ, ತಾವು ಮನೆ ಕೆಲಸಕ್ಕೆ ಹಾಡಹಗಲೇ ತರುವವರು, ತಮಗೇನು ಭಯ ಎಂಬುದು ಅವರ ಲೆಕ್ಕಾಚಾರ. ಬಿಳಿ ಪಂಚೆ ಉಟ್ಟುಕೊಂಡು, ಟ್ರೇಲರಿನ ತುಂಬ ಮರಳು ಏರಿಸಿಕೊಂಡು, ಹತ್ತು ಗಂಟೆಯ ಬಿಸಿಲಿನಲ್ಲಿ ಹಳೇಬೀಡಿನ ರಸ್ತೆಗೆ ಬಂದರು.

ಹುಣಸೆಮರದ ಕೆಳಗೆ ನಿಂತಿದ್ದ ಪೊಲೀಸಿನವರೊಬ್ಬರು ಕೈ ಅಡ್ಡ ಹಿಡಿದರು. ನಮ್ಮೂರ ಕಡೆ ಟ್ರ್ಯಾಕ್ಟರಿಗೆ ಕೈ ಅಡ್ಡ ಹಿಡಿದರೆ ಹತ್ತಿಸಿಕೊಳ್ಳಿ ಎಂದು ಅರ್ಥ. ಯಜಮಾನರು ನಿಲ್ಲಿಸಿ, ಮಡ್‌ಗಾರ್ಡಿನ ಧೂಳನ್ನು ಹೆಗಲ ಮೇಲಿನ ಟವೆಲ್ಲಿನಿಂದ ಒರೆಸಿ, “ಬನ್ನಿ ಸಾರ್, ಹತ್ಕಳಿ, ಹಳೇಬೀಡಿಗಾ?” ಎಂದು ಕರೆದರು. ಅವರು ಒಂದು ಕ್ಷಣ ಇವರ ಮುಖ ನೋಡಿ, ಹತ್ತಿ ಕೂತು, “ಠಾಣೆ ಕಡೆ ನಡೀರಿ,” ಎಂದರಂತೆ. ಪಾಪ, ಡ್ಯೂಟಿಗೆ ಹೊತ್ತಾಗಿದೆ ಎಂದುಕೊಂಡು ಇವರು ಜೋರಾಗಿಯೇ ಓಡಿಸಿದ್ದಾರೆ. ದಾರಿಯುದ್ದಕ್ಕೂ ಮಾತು. ಹೊಳೆಯ ಯಾವ ತಿರುವಿನಲ್ಲಿ ಮರಳು ಚೆನ್ನಾಗಿದೆ, ಎಲ್ಲಿ ಮಣ್ಣು ಬೆರೆತಿರುತ್ತದೆ, ಗಾಡಿ ಇಳಿಸಲು ಯಾವ ಕಡೆ ಅನುಕೂಲ, ಎಲ್ಲವನ್ನೂ ವಿವರಿಸಿದ್ದಾರೆ. ಅವರೂ ಆಸಕ್ತಿಯಿಂದ ಕೇಳಿದರಂತೆ. ಠಾಣೆಯ ಕಾಂಪೌಂಡಿನೊಳಗೆ ನಿಲ್ಲಿಸಿ, ಇಳಿದವರು ಒಂದು ಥ್ಯಾಂಕ್ಸ್ ಹೇಳಲಿ ಎಂದು ಕಾದಿದ್ದಾರೆ. ಅವರು ಕೀ ಕೇಳಿದರು.

ಮಧ್ಯಾಹ್ನ ಯಜಮಾನರು ಬಸ್ಸಿನಲ್ಲಿ ಬಂದರು.

“ಗಾಡಿ ಎಲ್ರೀ?” ಎಂದೆ.

“ಪೊಲೀಸ್ನೋರು ಇಟ್ಕಂಡವ್ರೆ.”

ನಡೆದದ್ದನ್ನೆಲ್ಲ ಬಿಡಿಸಿ ಬಿಡಿಸಿ ಕೇಳಿದ ಮೇಲೆ ನನಗೆ ನಗು ಬಂತು, ನಕ್ಕೆ. ಅವರಿಗೆ ಸಿಟ್ಟು ನೆತ್ತಿಗೇರಿತು. “ನಿನ್ ಬಚ್ಚಲಿಂದ್ಲೇ ಕಣೇ ಇದೆಲ್ಲ ಆಗಿದ್ದು. ಇನ್ ಬಚ್ಚಲೂ ಇಲ್ಲ ಗಿಚ್ಚಲೂ ಇಲ್ಲ. ಗಾಡಿ ಬಂದ್ರೆ ಆಮೇಲ್ ನೋಡನ,” ಎಂದು ಗೋಡೆ ಕಡೆ ತಿರುಗಿ ಮಲಗಿಬಿಟ್ಟರು. ಆಗ ನನ್ನ ನಗು ನಿಂತಿತು. ಮಗಳಿಗೆ ಏಳು ತುಂಬಿತ್ತು. ಗಾಡಿ ಬರದಿದ್ದರೆ ಬಚ್ಚಲಿಲ್ಲ, ಬಚ್ಚಲಿಲ್ಲದಿದ್ದರೆ ಮಗಳಿಲ್ಲ. ನನ್ನ ಮೊದಲ ಮೊಮ್ಮಗುವಿಗೆ ನಾನು ಎಣ್ಣೆ ನೀರು ಹಾಕುವ ಹಾಗಿದೆಯೋ ಇಲ್ಲವೋ ಎಂಬುದು ಒಂದು ಟ್ರೇಲರ್ ಮರಳಿನ ಮೇಲೆ ನಿಂತಿತ್ತು. ನಾನು ಮೊದಲೇ ಮುಂಗೋಪಿ. ಮರುದಿನ ಬೆಳಗ್ಗೆ ಯಜಮಾನರನ್ನು ಹೊರಡಿಸಿಕೊಂಡು ಬೇಲೂರಿನ ಬಸ್ಸು ಹತ್ತಿದೆ.

ಬೇಲೂರಿನಲ್ಲಿ ನಮಗೆ ಗೊತ್ತಿದ್ದ ವಕೀಲರು ಅರೇಹಳ್ಳಿ ಕಡೆಯವರು. ಬಳೆ ಅಂಗಡಿಯೊಂದರ ಮೇಲುಗಡೆ ಅವರ ಆಫೀಸು. ಮನೆಯ ತೋಟದ ಕಾಫಿ ಕುಡಿಸದೆ ಕಾನೂನು ಹೇಳುವವರಲ್ಲ. ಯಜಮಾನರು ಕುರ್ಚಿಯನ್ನು ಮುಂದಕ್ಕೆಳೆದುಕೊಂಡು ತಮ್ಮ ಕಥೆ ಪೂರ್ತಿ ಹೇಳಿದರು, ಲಿಫ್ಟು ಕೊಟ್ಟದ್ದನ್ನು ಮಾತ್ರ ಬಿಟ್ಟು. ಅದನ್ನು ನಾನು ಸೇರಿಸಿದೆ. ವಕೀಲರು ಗಾಡಿಯ ಆರ್‌ಸಿ ತೆಗೆದುಕೊಂಡು ಹಿಂದೆ ಮುಂದೆ ತಿರುಗಿಸಿ ನೋಡಿದರು.

“ಇದ್ರಲ್ಲಿ ನೀವು ಯಾರೂ ಅಲ್ವಲ್ರೀ,” ಎಂದರು ಯಜಮಾನರಿಗೆ. ನನ್ನ ಕಡೆ ತಿರುಗಿದರು. “ಅಮ್ಮಾ, ಗಾಡಿ ನಿಮ್ದು. ಅರ್ಜಿ ನೀವು ಹಾಕ್ಬೇಕು. ಕೋರ್ಟಿಗೆ ನೀವು ಬರ್ಬೇಕು.”

ಯಜಮಾನರು ಕುರ್ಚಿಯನ್ನು ಸ್ವಲ್ಪ ಹಿಂದಕ್ಕೆ ಸರಿಸಿಕೊಂಡರು. ವಕೀಲರು ನಿಧಾನವಾಗಿ ಬಿಡಿಸಿ ಹೇಳಿದರು. ಮರಳಿನ ಕೇಸು ಬೇರೆ, ಗಾಡಿ ಬಿಡಿಸುವುದು ಬೇರೆ. ಕೇಸು ತನ್ನ ಪಾಡಿಗೆ ನಡೆಯುತ್ತಿರುತ್ತದೆ. ಅಲ್ಲಿಯವರೆಗೆ ಗಾಡಿ ಮಳೆ ಬಿಸಿಲಿಗೆ ನಿಂತು ತುಕ್ಕು ಹಿಡಿದರೆ ಯಾರಿಗೂ ಲಾಭವಿಲ್ಲ. ಕರೆದಾಗ ತಂದು ತೋರಿಸುತ್ತೇನೆ ಎಂದು ಮುಚ್ಚಳಿಕೆ ಬರೆದುಕೊಟ್ಟು, ಒಬ್ಬರ ಜಾಮೀನು ಕೊಟ್ಟರೆ ಮಧ್ಯಂತರವಾಗಿ ಮಾಲೀಕರ ವಶಕ್ಕೆ ಕೊಡಿ ಎಂದು ಕೇಳಬಹುದು. ‘ಮಾಲೀಕರು’ ಎನ್ನುವಾಗಲೆಲ್ಲ ಅವರು ನನ್ನನ್ನು ನೋಡುತ್ತಿದ್ದರು. ಅದು ನನಗೆ ಬಹಳ ಹಿಡಿಸಿತು.

ಅರ್ಜಿ ವಿಚಾರಣೆಗೆ ಬಂದ ದಿನ ರೇಷ್ಮೆ ಸೀರೆ ಉಡುವುದೋ ನೂಲಿನದೋ ಎಂದು ಬೆಳಗ್ಗೆಯೆಲ್ಲ ಯೋಚಿಸಿ ಕೊನೆಗೆ ನೂಲಿನದೇ ಉಟ್ಟೆ. ನ್ಯಾಯಾಧೀಶರು ಹೆಣ್ಣುಮಗಳು, ನನ್ನ ಮಗಳಿಗಿಂತ ಐದಾರು ವರ್ಷ ದೊಡ್ಡವರಿರಬಹುದು. ವಕೀಲರು ಚೆನ್ನಾಗಿಯೇ ಮಾತಾಡಿದರು. ಆದರೆ ಠಾಣೆಯಿಂದ ಬಂದಿದ್ದ ವರದಿಯಲ್ಲಿ ಒಂದು ಸಾಲು ಎಲ್ಲವನ್ನೂ ಕೆಡಿಸಿತು.

“ಎಂಜಿನ್ ನಂಬರ್ ಓದಲು ಬರುತ್ತಿಲ್ಲ ಅಂತಿದೆ. ಆರ್‌ಸಿಯಲ್ಲಿರುವ ಗಾಡಿ ಇದೇ ಅಂತ ಹೇಗೆ ಹೇಳೋದು? ಯಾರಾದರೂ ನಂಬರ್ ಅಳಿಸಿದ್ದಾರಾ?” ಎಂದು ನ್ಯಾಯಾಧೀಶರು ಕೇಳಿದರು.

ಕದ್ದ ಗಾಡಿಗಳ ನಂಬರನ್ನು ಉಜ್ಜಿ ಅಳಿಸುತ್ತಾರೆಂದು ಆಮೇಲೆ ತಿಳಿಯಿತು. ವಕೀಲರು ಹಿಂತಿರುಗಿ ಯಜಮಾನರನ್ನು ನೋಡಿದರು, ಯಜಮಾನರು ಫ್ಯಾನಿನ ಕೆಳಗೆ ನಿಂತು ಬೆವರುತ್ತಿದ್ದರು. ಆ ನಂಬರು ಎಲ್ಲಿರುತ್ತದೆ ಎಂದು ವಕೀಲರನ್ನು ಮೆಲ್ಲಗೆ ಕೇಳಿದೆ. ಎಂಜಿನ್ನಿನ ಪಕ್ಕದಲ್ಲೊಂದು ತಗಡಿನ ಮೇಲೆ ಎಂದರು. ನಾನು ಒಂದು ಹೆಜ್ಜೆ ಮುಂದೆ ಬಂದೆ.

“ಅಳಿಸಿಲ್ಲ ಮೇಡಂ, ಮುಚ್ಚೋಗೈತೆ,” ಎಂದೆ. “ನಾನು ಕುಂಕುಮ ಇಡೋ ಜಾಗ ಅದು.”

ವಕೀಲರು ತಲೆ ತಗ್ಗಿಸಿದರು.

“ನಂಬರ್ ಮುಚ್ಚಿಹೋಗುವಷ್ಟು ಕುಂಕುಮ ಇಟ್ಟಿದ್ದೀರಾ?”

“ಗಾಡಿ ತಗಂಡಾಗಿಂದ ಇಟ್ಟಿದೀನಿ ಮೇಡಂ. ಶುಕ್ರವಾರ ಶುಕ್ರವಾರ. ಎಣ್ಣೆ ಹಚ್ಚಿ ಇಡ್ತೀನಿ, ಉದುರಲ್ಲ.”

ಇಡೀ ಕೋರ್ಟು ನಕ್ಕಿತು. ಟೈಪು ಮಾಡುತ್ತಿದ್ದವರೂ ಕೈ ನಿಲ್ಲಿಸಿ ನಕ್ಕರು. ನ್ಯಾಯಾಧೀಶರು ಮಾತ್ರ ನಗುವನ್ನು ತಡೆದುಕೊಂಡು, ಠಾಣೆಯಲ್ಲಿ ಮಾಲೀಕರ ಸಮಕ್ಷಮದಲ್ಲೇ ತಗಡನ್ನು ಶುಚಿ ಮಾಡಿಸಿ, ನಂಬರು ಓದಿ ಮತ್ತೆ ವರದಿ ಕೊಡಿ ಎಂದು ಹೇಳಿ ಮುಂದಿನ ವಾರಕ್ಕೆ ಹಾಕಿದರು. ಹೊರಗೆ ಬಂದ ಮೇಲೆ ಯಜಮಾನರು, “ನಾನು ಮರಳು ತಂದಿದ್ದೇನೋ ತಪ್ಪೇಯ. ನೀನು ಗಾಡೀನೇ ಮಾಯ ಮಾಡಿದ್ಯಲ್ಲೇ,” ಎಂದರು. ಅಷ್ಟು ದಿನಗಳಲ್ಲಿ ಅವರು ನಕ್ಕದ್ದು ಅದೇ ಮೊದಲು.

ಠಾಣೆಗೆ ಹೋಗುವಾಗ ಹುಣಸೆಹಣ್ಣು, ತೆಂಗಿನ ನಾರು, ಒಂದು ಹಳೆಯ ಬಟ್ಟೆ ತೆಗೆದುಕೊಂಡು ಹೋದೆ. ಮರಳನ್ನು ಕಾಂಪೌಂಡಿನ ಮೂಲೆಗೆ ಸುರಿದಿದ್ದರು. ಅದರ ಮೇಲೆ ಒಂದು ನಾಯಿ ಹಾಯಾಗಿ ಮಲಗಿತ್ತು. ಎಸ್‌ಐ ಕುರ್ಚಿ ತರಿಸಿ ಕೂತರು. ಅಂದು ನಮ್ಮ ಗಾಡಿ ಹತ್ತಿದ್ದ ಪೊಲೀಸಪ್ಪನೇ ಪಕ್ಕದ ಹೋಟೆಲಿನಿಂದ ಒಂದು ಚೊಂಬು ಬಿಸಿನೀರು ತಂದುಕೊಟ್ಟ. ಹಿತ್ತಾಳೆ ದೀಪ ತಿಕ್ಕುವ ಹಾಗೆ ತಿಕ್ಕತೊಡಗಿದೆ. ಕುಂಕುಮ, ಅರಿಶಿನ, ಧೂಳು, ಹರಳೆಣ್ಣೆ ಎಲ್ಲ ಸೇರಿ ಬೆಲ್ಲದ ಅಚ್ಚಿನ ಹಾಗೆ ಗಟ್ಟಿಯಾಗಿತ್ತು. ಒಂದು ಪದರ ಹೋದರೆ ಇನ್ನೊಂದು. ಸುಮಂಗಲಿಯಾದವಳು ಕುಂಕುಮವನ್ನು ತನ್ನ ಕೈಯಾರೆ ಒರೆಸುವುದೆಂದರೆ ಮನಸ್ಸಿಗೆ ಒಂದು ಥರ ಆಗುತ್ತದೆ. ಅದಕ್ಕೆಂದೇ ಸೆರಗಿನ ತುದಿಯಲ್ಲಿ ಹೊಸ ಕುಂಕುಮದ ಪೊಟ್ಟಣ ಕಟ್ಟಿಕೊಂಡು ಬಂದಿದ್ದೆ. ಕೊನೆಗೆ ತಗಡಿನ ಮೂಲೆ ಹೊಳೆಯಿತು. ಪೊಲೀಸಪ್ಪ ಬಗ್ಗಿ ಒಂದೊಂದೇ ಅಂಕಿ ಓದಿದ, ಎಸ್‌ಐ ಆರ್‌ಸಿ ಹಿಡಿದು ಹೂಂಗುಟ್ಟಿದರು. ಕೊನೆಯ ಅಂಕಿಯ ಮೇಲೆ ಇನ್ನೂ ಒಂದು ಹಕ್ಕಳೆ ಕುಂಕುಮ ಇತ್ತು. ಉಗುರಿನಿಂದ ಕೆರೆದೆ. ಅದೂ ಸರಿಹೋಯಿತು.

“ಅಮ್ಮಾ, ಕೈ ಹೆಂಗೂ ಹುಣಸೆಹಣ್ಣಾಗೈತೆ, ನಮ್ ಠಾಣೆ ಗಂಟೇನೂ ಒಂದ್ ಸಾರಿ ತಿಕ್ಕಿಕೊಡ್ತೀರಾ?” ಎಂದ ಪೊಲೀಸಪ್ಪ.

“ನಿಮ್ಮನೇಲಿ ಹುಣಸೆಹಣ್ಣು ಇಲ್ವೇನಪ್ಪಾ?” ಎಂದೆ. ಗಾಡಿಯನ್ನು ಬರಿಹಣೆಯಲ್ಲಿ ಬಿಡಬಾರದೆಂದು ಪೊಟ್ಟಣ ಬಿಚ್ಚಿದ ಕೂಡಲೇ ಎಸ್‌ಐ ಕುರ್ಚಿಯಿಂದ ಎದ್ದು ಬಂದರು. “ನಂಬರ್ ಮೇಲೆ ಬೇಡ ತಾಯಿ. ಬೇರೆ ಎಲ್ಲಾದ್ರೂ ಇಡಿ,” ಎಂದರು. ಬಾನೆಟ್ಟಿನ ಮೇಲೆ ಇಟ್ಟೆ.

ಇನ್ನು ಜಾಮೀನು. ಜಮೀನಿರುವವರೊಬ್ಬರು ಪಹಣಿ ಹಿಡಿದು ಬಂದು, ಇವರನ್ನು ನಾನು ಬಲ್ಲೆ ಎಂದು ಕೋರ್ಟಿನಲ್ಲಿ ಹೇಳಬೇಕು. ಯಜಮಾನರು ಕೇಳಿದ ಇಬ್ಬರು ಕೋರ್ಟು ಎಂದ ಕೂಡಲೇ ನಾಳೆ ಬತ್ತೀನಿ ಎಂದು ಜಾರಿಕೊಂಡರು. ನನ್ನ ವಾರಗಿತ್ತಿಗೆ ತವರಿನವರು ಅವಳ ಹೆಸರಿಗೇ ಮಾಡಿಕೊಟ್ಟಿದ್ದ ಗದ್ದೆಯಿತ್ತು. ಬೆಳಗ್ಗೆ ಕೆರೆಯ ಹತ್ತಿರ ಕಾವಲು ನಿಂತಾಗ ಅವಳನ್ನೇ ಕೇಳಿದೆ. ಪೊದೆಯ ಆಚೆಯಿಂದಲೇ ಲೆಕ್ಕ ಹಾಕಿ ಉತ್ತರ ಕೊಟ್ಟಳು.

“ನಿಮ್ ಕಕ್ಕಸಿಗೆ ನಾನೂ ಬರಂಗಿದ್ರೆ ಹಾಕ್ತೀನಿ ಅಕ್ಕ,” ಎಂದಳು.

“ಬಾರೇ, ಬ್ಯಾಡ ಅಂದೋರ್ಯಾರು.”

“ನಿಮ್ ಮೈದುನಂಗೆ ನಾನೇ ಹೇಳ್ಕತೀನಿ ಬಿಡಿ.” ಏನು ಹೇಳಿದಳೋ ಗೊತ್ತಿಲ್ಲ. ಕೋರ್ಟಿನ ದಿನ ಮೈದುನ ಅವಳ ಜೊತೆ ಬಸ್ ಸ್ಟ್ಯಾಂಡಿನವರೆಗೂ ಬಂದು, ನಮ್ಮನ್ನು ನೋಡದವನ ಹಾಗೆ ಅವಳಿಗೆ ಟಿಕೆಟ್ಟಿನ ದುಡ್ಡು ಕೊಟ್ಟು ಹೋದ.

ನಂಬರಿನ ವರದಿ ಬಂದಿತ್ತು, ಆಕ್ಷೇಪಣೆ ಇರಲಿಲ್ಲ. ನ್ಯಾಯಾಧೀಶರು ಪಹಣಿ ನೋಡಿ, ಕಟಕಟೆಯಲ್ಲಿ ನಿಂತಿದ್ದ ವಾರಗಿತ್ತಿಯನ್ನು ಕೇಳಿದರು.

“ಇವರು ನಿಮಗೆ ಹೇಗೆ ಪರಿಚಯ?”

“ನಮ್ಮಕ್ಕ ಆಗ್ಬೇಕು ಮೇಡಂ. ನಾನು ಮದುವೆಯಾಗಿ ಬಂದಾಗಿಂದ ದಿನಾ ಬೆಳಗ್ಗೆ ಜೊತೇಲೇ ಹೋಗೋದು.”

“ಎಲ್ಲಿಗೆ? ಕೆಲಸಕ್ಕಾ?”

ವಾರಗಿತ್ತಿ ನನ್ನ ಮುಖ ನೋಡಿದಳು. ನಾನೇನು ಮಾಡಲಿ, ನೆಲ ನೋಡಿದೆ. ಕೋರ್ಟಿನಲ್ಲಿ ಸುಳ್ಳು ಹೇಳಬಾರದೆಂದು ನಾನೇ ಅವಳಿಗೆ ಬಸ್ಸಿನಲ್ಲಿ ಹೇಳಿಕೊಂಡು ಬಂದಿದ್ದೆ.

“ಕೆರೆ ಕಡೆಗೆ ಮೇಡಂ. ಚೊಂಬು ತಗಂಡು,” ಎಂದಳು. ಆಮೇಲೆ ಅವಳಿಗೆ ಧೈರ್ಯ ಬಂತೋ ಸಿಟ್ಟೇ ಬಂತೋ, ಒಂದೇ ಉಸಿರಿಗೆ ಹೇಳಿಬಿಟ್ಟಳು. “ಮನೇಲಿ ಇಲ್ಲ ಮೇಡಂ. ಅದ್ಕೇ ಭಾವ ಮರಳು ತರಕ್ಕೋಗಿದ್ದು, ಕಕ್ಕಸು ಕಟ್ಸಕ್ಕೆ. ಮಗಳು ಬಸುರಿ, ಬಾಣಂತನಕ್ಕೆ ಬರಬೇಕು. ಅದಿಲ್ದೆ ಬರಲ್ಲ ಅಂತಾವ್ಳೆ.”

ಕುಂಕುಮಕ್ಕೆ ನಕ್ಕಿದ್ದ ಕೋರ್ಟು ಈ ಸಲ ನಗಲಿಲ್ಲ. ಗಂಡಸು ವಕೀಲರೆಲ್ಲ ತಮ್ಮ ತಮ್ಮ ಫೈಲಿನಲ್ಲಿ ಏನೋ ಹುಡುಕತೊಡಗಿದರು. ನ್ಯಾಯಾಧೀಶರು ಪೆನ್ನು ಕೆಳಗಿಟ್ಟು ನಮ್ಮಿಬ್ಬರನ್ನೂ ನೋಡಿದರು. ಆ ನೋಟಕ್ಕೆ ನನ್ನ ಕಣ್ಣು ತುಂಬಿ ಬಂತು. ಮತ್ತೆ ಪೆನ್ನು ಎತ್ತಿಕೊಂಡು ಆದೇಶ ಹೇಳಿದರು: ಗಾಡಿಯನ್ನು ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ತಂದು ಹಾಜರುಪಡಿಸಬೇಕು, ಮತ್ತೆ ಇಂಥ ಕೆಲಸಕ್ಕೆ ಬಳಸಬಾರದು. ಎಲ್ಲಕ್ಕೂ ಆಗಲಿ ಎಂದೆ. ಕೊನೆಗೆ, “ಮರಳಿಗೆ ಪರವಾನಗಿ ತಗೊಳ್ಳಿ ಅಂತ ಯಜಮಾನರಿಗೆ ಹೇಳಿ. ಕೆಲಸ ಬೇಗ ಮುಗಿಸಿ,” ಎಂದರು. ಯಾವ ಕೆಲಸ ಎಂದು ಬಾಯಿಬಿಟ್ಟು ಹೇಳಲಿಲ್ಲ.

ಠಾಣೆಯಲ್ಲಿ ಕೀಯನ್ನು ನನ್ನ ಸಹಿ ಮಾಡಿಸಿಕೊಂಡು ನನ್ನ ಕೈಗೇ ಕೊಟ್ಟರು. ಯಜಮಾನರು ಕೈ ಚಾಚಿದರು. ನಾನು ಅದನ್ನು ಸೆರಗಿನ ತುದಿಗೆ ಕಟ್ಟಿಕೊಂಡೆ.

“ಮೊದ್ಲು ಬಚ್ಚಲು ಅಂತ ಹೇಳಿ.”

“ಹೇಳಿದ್ನಲ್ಲೇ.”

“ಪೊಲೀಸ್ನೋರ್ ಮುಂದೆ ಹೇಳಿ.”

ಎಸ್‌ಐ ಮುಂದೆ, ಮಾಲೇಕಲ್ಲಿನ ತಿಮ್ಮಪ್ಪನ ಆಣೆಯಿಟ್ಟು ಹೇಳಿದ ಮೇಲೆ ಕೀ ಕೊಟ್ಟೆ. ಬ್ಯಾಟರಿ ಸತ್ತುಹೋಗಿತ್ತು, ನಾಲ್ಕು ಜನ ಪೊಲೀಸರು ತಳ್ಳಿದರು. ಸ್ಟಾರ್ಟ್ ಆದದ್ದೇ ನಮ್ಮ ಪೊಲೀಸಪ್ಪ ಓಡಿಬಂದು ಹತ್ತಿ ಕೂತ. ಈ ಸಲ ಅವನಿಗೆ ನಿಜವಾಗಿಯೂ ಲಿಫ್ಟು ಬೇಕಿತ್ತು.

ಮರಳು ಪರವಾನಗಿಯ ಲಾರಿಯಲ್ಲಿ ಬಂತು. ಕೇಸು ಮುಗಿಯಲು ಬಹಳ ದಿನ ಹಿಡಿಯಿತು. ಯಜಮಾನರು ಒಪ್ಪಿಕೊಂಡು ದಂಡ ಕಟ್ಟಿ ಬಂದರು. ಅದಕ್ಕೂ ಮೊದಲೇ ಮಾಲೇಕಲ್ಲಿಗೆ ಹೋಗಿ ಮುಡಿ ಕೊಟ್ಟು ಬಂದಿದ್ದರು. ಅಂಥ ಹರಕೆ ಹೊತ್ತಿದ್ದೇ ನನಗೆ ಗೊತ್ತಿರಲಿಲ್ಲ. ಗೋಡೆ ಏಳುವಾಗ ಒಂದು ದಿನ ಮೈದುನ ಬೇಲಿಯಾಚೆ ನಿಂತು ನೋಡಿದ, ಎರಡನೆಯ ದಿನ ಗಾರೆಯವನಿಗೆ ತೂಗುಗುಂಡು ಸರಿಯಿಲ್ಲ, ಗೋಡೆ ವಾಲುತ್ತಿದೆ ಎಂದ, ಮೂರನೆಯ ದಿನ ತಾನೇ ದಾರ ಹಿಡಿದ.

ಮಗಳು ಎಂಟು ತುಂಬಿದ ಮೇಲೆ ಬಂದಳು. ಬಸ್ಸಿಳಿದು ಮನೆಯೊಳಗೆ ಬರಲೇ ಇಲ್ಲ. ಬ್ಯಾಗನ್ನು ಜಗಲಿಯ ಮೇಲಿಟ್ಟು ಸೀದಾ ಹಿತ್ತಿಲಿಗೆ ಹೋದಳು. ಯಜಮಾನರು ಬೋಳುತಲೆಯ ಮೇಲೆ ಟವೆಲ್ಲು ಹಾಕಿಕೊಂಡು ದೂರದಲ್ಲಿ ನಿಂತರು. ಅವಳು ಬಾಗಿಲು ನೂಕಿ ನೋಡಿದಳು, ನಲ್ಲಿ ತಿರುಗಿಸಿದಳು, ಒಳಗೆ ಹೋದಳು. ಹೊರಗೆ ಬಂದವಳು ಅಪ್ಪನ ಕಡೆ ನೋಡಿ, “ಬ್ಯಾಗು ಒಳಗಿಡಪ್ಪ,” ಎಂದಳು. ಯಜಮಾನರು ಓಡಿದರು.

ಅವರೆಲ್ಲ ಒಳಗೆ ಕಾಫಿ ಕುಡಿಯುತ್ತಿರುವಾಗ ನಾನು ಅಲ್ಲಿಗೆ ಹೋದೆ. ಕೆಲಸ ಮುಗಿದು ನಾಲ್ಕು ದಿನವಾಗಿದ್ದರೂ, ಮಗಳು ಮೊದಲು ಬರಲಿ ಎಂದು ನಾನು ಒಳಗೆ ಕಾಲಿಟ್ಟಿರಲಿಲ್ಲ. ಬಾಗಿಲು ಹಾಕಿ ಚಿಲಕ ಏರಿಸಿದೆ. ಕಾವಲಿಗೆ ಯಾರೂ ಇರಲಿಲ್ಲ, ಬೇಕಾಗಿಯೂ ಇರಲಿಲ್ಲ. ಹೊರಗೆ ಯಾರೋ ಕೆಮ್ಮಿದರು. ಅಭ್ಯಾಸಬಲದಿಂದ ಎದ್ದು ನಿಂತೆ, ಆಮೇಲೆ ಮತ್ತೆ ಕೂತೆ. ಕೆಲಸವಿಲ್ಲದಿದ್ದರೂ ಬಹಳ ಹೊತ್ತು ಅಲ್ಲೇ ಕೂತಿದ್ದೆ.

“ಒಳಗೆ ಏನೇ ಮಾಡ್ತಿದ್ದೀಯ?” ಎಂದು ಯಜಮಾನರು ಹೊರಗಿನಿಂದ ಕೂಗಿದರು.

“ಏನೂ ಇಲ್ಲ, ಸುಮ್ನೆ ಕೂತಿದೀನಿ,” ಎಂದೆ.